ಮೂರು ಚಕ್ರದ ಗಸ್ತು: ಓದುಗರ ಪ್ರಶ್ನೆ, ಹಳೇ ಪೊಲೀಸಿನವನ ಉತ್ತರ

ಕಳೆದ ಸಲ ಬೇಸಿಗೆ ರಜೆಗೆ ಊರಿಗೆ ಹೋಗುವವರ ಬೀಗ ಹಾಕಿದ ಮನೆಗಳ ಬಗ್ಗೆ ಬರೆದಿದ್ದೆ. ಕೊನೆಗೆ ಒಂದು ಸಾಲು, "ಬೀದಿಯವರೇ ಸೇರಿ ರಾತ್ರಿ ಒಂದು ಸುತ್ತು ಹಾಕಿದರೂ ಒಳ್ಳೆಯದೇ" ಅಂತ ಸೇರಿಸಿದ್ದೆ. ಅಲ್ಲೇ ಸಿಕ್ಕಿಹಾಕಿಕೊಂಡೆ. ಬಂದ ಪತ್ರಗಳಲ್ಲಿ ಬೀಗದ ಬಗ್ಗೆ ಇದ್ದದ್ದು ಎರಡೇ. ಉಳಿದವೆಲ್ಲ ಸುತ್ತು ಹಾಕುವುದರ ಬಗ್ಗೆ, ಅದರಲ್ಲೂ ಆಟೋದಲ್ಲಿ ಸುತ್ತು ಹಾಕುವುದರ ಬಗ್ಗೆ. ಊರೂರಲ್ಲಿ ಹಳೇ ಆಟೋಗಳಿಗೆ ಹೊಸ ಬಣ್ಣ ಬೀಳುತ್ತಿದೆ ಅಂತ ನನಗೆ ಗೊತ್ತೇ ಇರಲಿಲ್ಲ.

ಹೊಸ ಓದುಗರಿಗೆ ಹೇಳಿಬಿಡುತ್ತೇನೆ. ನಾನು 1984ರಲ್ಲಿ ಕಾನ್‌ಸ್ಟೆಬಲ್ ಆಗಿ ಸೇರಿ 2017ರಲ್ಲಿ ಎಎಸ್‌ಐ ಆಗಿ ನಿವೃತ್ತನಾದವನು. ತುಮಕೂರು, ದಾವಣಗೆರೆ, ಬೆಂಗಳೂರು, ಮೂರೂ ಕಡೆ ರಾತ್ರಿ ಬೀಟ್, ಅಂದರೆ ಗಸ್ತು, ಮಾಡಿದ್ದೇನೆ. ಆಟೋ ವಿಷಯ ನನಗೆ ಅಷ್ಟಾಗಿ ಗೊತ್ತಿಲ್ಲ. ಅದಕ್ಕೆ ನನ್ನ ಬಾಮೈದನನ್ನು ಪಕ್ಕದಲ್ಲಿ ಕೂರಿಸಿಕೊಂಡಿದ್ದೇನೆ. ಇಪ್ಪತ್ತಾರು ವರ್ಷದಿಂದ ಆಟೋ ಓಡಿಸುತ್ತಿದ್ದಾನೆ. ಉತ್ತರದಲ್ಲಿ ಎಲ್ಲಾದರೂ ಬೈಗುಳ ಕಂಡರೆ ಅದು ಅವನದ್ದು.

ಪ್ರಶ್ನೆ: ನಮ್ಮ ಬಡಾವಣೆಯಲ್ಲಿ 140 ಮನೆಗಳಿವೆ. ಎರಡು ತಿಂಗಳಲ್ಲಿ ಮೂರು ಮನೆಗೆ ಕನ್ನ ಬಿತ್ತು. ಸಂಘದಿಂದ ಒಂದು ಸೆಕೆಂಡ್ ಹ್ಯಾಂಡ್ ಆಟೋ ಕೊಂಡಿದ್ದೇವೆ. ಹಿಂದಿನ ಸೀಟು ಕಿತ್ತು, ಹಿಂದಕ್ಕೆ ಮುಖ ಮಾಡಿ ಕೂರುವ ಬೆಂಚು ಹಾಕಿಸಬೇಕು. ಮೇಲೆ ಕ್ಯಾರಿಯರ್, ಅದಕ್ಕೆ ಸರ್ಚ್‌ಲೈಟು, ಕೆಂಪು-ನೀಲಿ ದೀಪ, ಸೈರನ್ನು. ಪಕ್ಕದಲ್ಲಿ 'ಪೊಲೀಸ್ ಮಿತ್ರ' ಅಂತ ಬರೆಸಬೇಕು ಅಂತಿದೆ. ತಮ್ಮ ಸಲಹೆ? (ನಿವೃತ್ತ ಬ್ಯಾಂಕ್ ನೌಕರರು, ದಾವಣಗೆರೆ)

ಉತ್ತರ: ಸ್ವಾಮಿ, ನಿಮ್ಮ ಪಟ್ಟಿ ಓದಿ ನನ್ನ ಬಾಮೈದ ಮೊದಲು ಕೇಳಿದ್ದು, "ಇದು ಗಸ್ತು ತಿರುಗೋಕಾ, ಗಣಪತಿ ಬಿಡೋಕಾ?"

ದೀಪದಿಂದ ಶುರು ಮಾಡೋಣ. 2017ರ ಮೇ 1ರಿಂದ ಮಂತ್ರಿಗಳ ಕಾರಿನ ಕೆಂಪು ದೀಪವನ್ನೇ ಕೇಂದ್ರ ಸರ್ಕಾರ ತೆಗೆಸಿಬಿಟ್ಟಿತು. ಕೆಂಪು-ನೀಲಿ-ಬಿಳಿ ಮಿನುಗುವ ದೀಪ ಪೊಲೀಸ್, ಅಗ್ನಿಶಾಮಕ ದಳ, ಇಂಥ ತುರ್ತು ಕೆಲಸದ ವಾಹನಗಳಿಗೆ ಮಾತ್ರ. ಮಂತ್ರಿಗೇ ಇಲ್ಲದ ದೀಪ ಸಂಘದ ಅಧ್ಯಕ್ಷರಿಗೆ ಎಲ್ಲಿಂದ ಬರಬೇಕು? ಸೈರನ್ ಕೂಡ ಹಾಗೆಯೇ. ಇನ್ನು ಮೈಕು, ಹಾಡು ಹಾಕುವ ಯೋಚನೆಯಿದ್ದರೆ ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಅದಕ್ಕೂ ಕಾನೂನಿಲ್ಲ. ಬೆಂಗಳೂರಿನಲ್ಲಿ ನನ್ನ ಮನೆ ಹತ್ತಿರದ ಒಂದು ಬೀದಿಯವರು ಗಸ್ತು ಆಟೋಕ್ಕೆ ಹಾಡು ಹಾಕಿ ನೋಡಿದರು. ಬೆಳಗಿನ ಜಾವ ಐದಕ್ಕೆ ಮೂರು ಮನೆಯ ಹೆಂಗಸರು ಕಸದ ಗಾಡಿ ಬಂತು ಅಂತ ಬುಟ್ಟಿ ಹಿಡಿದು ಹೊರಗೆ ಬಂದರು. ಅಲ್ಲಿಗೆ ಹಾಡು ನಿಂತಿತು.

ಬೆಂಚಿಗೆ ಬರೋಣ. ಆರ್‌ಸಿಯಲ್ಲಿ ಗಾಡಿ ಹೇಗಿದೆ ಅಂತ ಬರೆದಿದೆಯೋ ಹಾಗೇ ಇರಬೇಕು ಅಂತ ಮೋಟಾರು ವಾಹನ ಕಾಯ್ದೆಯ 52ನೇ ಕಲಂ ಹೇಳುತ್ತದೆ. 2019ರ ಜನವರಿಯಲ್ಲಿ ಕೇರಳದ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಗಟ್ಟಿಯಾಗಿ ಹೇಳಿತು. ಬಣ್ಣ ಬದಲಿಸಿದರೆ ಅದು ಸಣ್ಣ ವಿಷಯ, ಗಾಡಿಯ ಕಟ್ಟಡ ಬದಲಿಸುವಂತಿಲ್ಲ. ಅದೇ ವರ್ಷದ ತಿದ್ದುಪಡಿಯಲ್ಲಿ ದಂಡವನ್ನೂ ಸೇರಿಸಿದರು. ಒಂದೊಂದು ಬದಲಾವಣೆಗೆ 5,000 ರೂಪಾಯಿ, ಇಲ್ಲವೇ ಆರು ತಿಂಗಳವರೆಗೆ ಜೈಲು, ಇಲ್ಲವೇ ಎರಡೂ. 'ಒಂದೊಂದಕ್ಕೆ' ಅನ್ನುವ ಮಾತನ್ನು ಬ್ಯಾಂಕಿನವರಾದ ನೀವು ಗಮನಿಸಿರುತ್ತೀರಿ. ನಿಮ್ಮ ಪಟ್ಟಿಗೆ ಲೆಕ್ಕ ಹಾಕಿ ನೋಡಿ.

ಕಾನೂನು ಪಕ್ಕಕ್ಕಿಡಿ ಅಂದರೂ ಬಾಮೈದ ಆ ಬೆಂಚಿಗೆ ಒಪ್ಪುವುದಿಲ್ಲ. ಅವನ ಮಾತಿದು. ಬಜಾಜ್ ಆಟೋದ ಇಂಜಿನ್ ಇರುವುದೇ ಹಿಂದೆ. ಇನ್ನೂ ಹಿಂದಕ್ಕೆ ಮೂರು ಜನರನ್ನು ಕೂರಿಸಿದರೆ ಮುಂದಿನ ಚಕ್ರ ಹಗುರಾಗುತ್ತದೆ, ಹ್ಯಾಂಡಲ್ ಹೇಳಿದ ಮಾತು ಕೇಳುವುದಿಲ್ಲ. ಕ್ಯಾರಿಯರ್ ಇನ್ನೂ ಕೆಟ್ಟದ್ದು. ತಿರುವಿನಲ್ಲಿ ಬ್ರೇಕ್ ಹಾಕಿದಾಗ ಭಾರವೆಲ್ಲ ಮುಂದಿನ ಮೂಲೆಗೆ ಬರುತ್ತದೆ. ಆ ಮೂಲೆಯಲ್ಲಿ ಆಟೋಕ್ಕೆ ಚಕ್ರವೇ ಇಲ್ಲ. ಕಳ್ಳನ ಹಿಂದೆ ಜೋರಾಗಿ ಹೋಗಿ ಎಡಕ್ಕೆ ತಿರುಗಿಸಿದಿರಾ, ಪಲ್ಟಿ. ಬದಲಾಯಿಸಿದ ಗಾಡಿ ಅಂತ ಗೊತ್ತಾದರೆ ಇನ್ಶೂರೆನ್ಸಿನವರೂ ತಕರಾರು ತೆಗೆಯುತ್ತಾರೆ.

'ಪೊಲೀಸ್ ಮಿತ್ರ' ಬರೆಸಬೇಡಿ. ರಾತ್ರಿ ಹೊತ್ತು 'ಪೊಲೀಸ್' ಅನ್ನುವುದಷ್ಟೇ ಕಣ್ಣಿಗೆ ಬೀಳುತ್ತದೆ, 'ಮಿತ್ರ' ಕಾಣುವುದಿಲ್ಲ. ಸರ್ಕಾರಿ ನೌಕರನ ಥರ ವೇಷ ಹಾಕುವುದು, ಹಾಗೆ ನಟಿಸುವುದು ಹಳೇ ಐಪಿಸಿ ಜಾಗಕ್ಕೆ ಬಂದ ಭಾರತೀಯ ನ್ಯಾಯ ಸಂಹಿತೆಯ 204, 205ನೇ ಕಲಂಗಳಲ್ಲಿ ಅಪರಾಧ. ಒಬ್ಬರು ಫೋನಿನಲ್ಲಿ ಕೇಳಿದರು, "ಖಾಕಿ ಶರ್ಟೂ ಹಾಕೋ ಹಾಗಿಲ್ವಾ?" ಖಾಕಿ ಆಟೋದವರಿಗೂ ಇದೆಯಲ್ಲ, ಹಾಕಿಕೊಳ್ಳಿ. ಖಾಕಿ ಜೊತೆ ಲಾಠಿ, ಟೋಪಿ, ಎದೆ ಮೇಲೆ ಬಿಲ್ಲೆ ಸೇರಿದಾಗ ಕಥೆ ಬೇರೆಯಾಗುತ್ತದೆ.

ಹಾಗಾದರೆ ಏನು ಮಾಡಬಹುದು? ಆಟೋ ಹೇಗಿದೆಯೋ ಹಾಗೇ ಇರಲಿ. ಪಕ್ಕದ ರೆಕ್ಸಿನ್ ಪರದೆ ಸುತ್ತಿ ಮೇಲಕ್ಕೆ ಕಟ್ಟಿ, ಒಳಗೆ ಕೂತವರ ಮುಖ ಬೀದಿಗೆ ಕಾಣಬೇಕು. ಒಳಗಿನ ದೀಪ ಹಚ್ಚಿಡಿ. ಕೈಯಲ್ಲಿ ಹಿಡಿಯುವ ಒಳ್ಳೆ ಟಾರ್ಚು ಎರಡು, ಹೊಳೆಯುವ ಪಟ್ಟಿಯ ಜಾಕೆಟ್ಟು, ಪ್ರಥಮ ಚಿಕಿತ್ಸೆ ಡಬ್ಬಿ, ಒಂದು ನೋಟ್‌ಬುಕ್ಕು. ಹಿಂದೆ ಸಂಘದ ಹೆಸರು. ಹದಿನೈದು ಕಿಲೋಮೀಟರಿಗಿಂತ ಜೋರಾಗಿ ಹೋಗುವುದೇ ಬೇಡ. ನೀವು ಕೊಂಡದ್ದು ಪರ್ಮಿಟ್ ಇರುವ ಆಟೋ ಆದರೆ ಅದು ಬಾಡಿಗೆ ಗಾಡಿ. ಸಂಘದ ಬಳಕೆಗೆ ಹೇಗೆ ಅಂತ ಮೊದಲು ಆರ್‌ಟಿಒ ಕಚೇರಿಯಲ್ಲಿ ಕೇಳಿ, ಆಮೇಲೆ ಬಣ್ಣದ ಡಬ್ಬಿ ತೆಗೆಯಿರಿ.

ಇನ್ನೊಂದು. ಹಳೇ ಕಾಲದಲ್ಲಿ ನಾವು ಬೀಟಿಗೆ ಹೋದರೆ ಅಲ್ಲಲ್ಲಿ ಪಾಯಿಂಟ್ ಬುಕ್ ಇರುತ್ತಿತ್ತು. ಬ್ಯಾಂಕಿನ ಬಾಗಿಲಲ್ಲಿ, ಗುಡಿಯಲ್ಲಿ, ಯಾರಾದರೂ ಹಿರಿಯರ ಮನೆ ಜಗುಲಿಯಲ್ಲಿ. ಎಷ್ಟು ಗಂಟೆಗೆ ಬಂದೆ ಅಂತ ಬರೆದು ಸಹಿ ಹಾಕಬೇಕು. ಈಗ ಅದು ಫೋನಿಗೆ ಬಂದಿದೆ. ನಿಮ್ಮ ಬಡಾವಣೆಗೂ ಬೀಟ್ ಕಾನ್‌ಸ್ಟೆಬಲ್ ಇರುತ್ತಾನೆ. ಅವನ ಹೆಸರು, ನಂಬರು ನಿಮ್ಮ ಹತ್ತಿರ ಇದೆಯಾ? ಇಲ್ಲದಿದ್ದರೆ ಮೊದಲ ಕೆಲಸ ಅದು. ಠಾಣೆಗೆ ಬರವಣಿಗೆಯಲ್ಲಿ ತಿಳಿಸಿ. ಯಾರು, ಯಾವ ದಿನ, ಎಷ್ಟು ಹೊತ್ತು, ಯಾವ ಗಾಡಿ ನಂಬರು. ನಾಳೆ ಏನಾದರೂ ಆದರೆ ಆ ಒಂದು ಹಾಳೆ ನಿಮ್ಮನ್ನು ಕಾಯುತ್ತದೆ.

ಪ್ರಶ್ನೆ: ನನ್ನದು ರಾತ್ರಿ ಪಾಳಿ. ಒಂದೂವರೆಗೆ ಆಫೀಸಿನ ಕ್ಯಾಬ್ ಬಿಡುತ್ತದೆ. ನಮ್ಮ ಲೇಔಟಿನ ಗಸ್ತು ಆಟೋದವರು ಗೇಟಿನ ಹತ್ತಿರ ನಿಂತು, "ಯಾರು ಬಿಟ್ಟುಹೋದದ್ದು? ದಿನಾ ಬೇರೆ ಬೇರೆ ಗಾಡಿ ಬರುತ್ತಲ್ಲ?" ಅನ್ನುತ್ತಾರೆ. ಮನೆ ಮಾಲೀಕರಿಗೂ ಹೇಳಿದ್ದಾರೆ. ನಾನು ಏನು ಮಾಡಲಿ? (ಹೆಸರು ಬೇಡ ಎಂದವರು, ಬೆಂಗಳೂರು)

ಉತ್ತರ: ಮಗಳೇ, ನೀನು ಅವರಿಗೆ ಉತ್ತರ ಕೊಡಬೇಕಾಗಿಲ್ಲ. ಒಂದು ಪದವೂ ಬೇಡ.

ಒಂದೂವರೆ ಗಂಟೆಗೆ ಕೆಲಸ ಮುಗಿಸಿ ಬರುವ ಹುಡುಗಿಗೆ ಬೀದಿಯಲ್ಲಿ ಧೈರ್ಯ ಕೊಡಲಿ ಅಂತಲೇ ಆ ಆಟೋ ಇರುವುದು. ಅವಳನ್ನೇ ಹೆದರಿಸಿದರೆ ಆ ಆಟೋಕ್ಕಿಂತ ಬೀದಿನಾಯಿ ವಾಸಿ. ಅದು ವಾರದಲ್ಲಿ ನಿನ್ನ ವಾಸನೆ ಹಿಡಿದು ಸುಮ್ಮನಾಗುತ್ತದೆ.

ದಾರಿಗೆ ಅಡ್ಡ ನಿಲ್ಲಿಸಿದರೆ ನ್ಯಾಯ ಸಂಹಿತೆಯ 126ನೇ ಕಲಂ ಇದೆ. ಬೇಡ ಅಂದರೂ ಹಿಂದೆ ಬೀಳುತ್ತಿದ್ದರೆ 78 ಇದೆ. ಮೊದಲು ಸಂಘದ ಕಾರ್ಯದರ್ಶಿಗೆ ವಾಟ್ಸಾಪ್ ಮಾಡು. ಬಾಯಲ್ಲಿ ಹೇಳಬೇಡ, ಬರೆದೇ ಕಳಿಸು. ದಿನಾಂಕ, ಹೊತ್ತು, ಆಟೋ ನಂಬರು. ಮತ್ತೆ ಆದರೆ ತುರ್ತು ನಂಬರು 112ಕ್ಕೆ ಫೋನ್ ಮಾಡು. ಪೊಲೀಸರ ಗಸ್ತು ಗಾಡಿ ಹೊಯ್ಸಳ ಬಂದು ನಿಂತು ಆ ಗಸ್ತಿನವರನ್ನೇ "ಯಾರಪ್ಪ ನೀವು?" ಅಂತ ಕೇಳಿದರೆ ಅರ್ಧ ಖಾಯಿಲೆ ವಾಸಿಯಾಗುತ್ತದೆ. ಮಾಲೀಕರಿಗೆ ನಿನ್ನ ಆಫೀಸಿನ ಗುರುತಿನ ಚೀಟಿ ತೋರಿಸುವುದು ಬಿಡುವುದು ನಿನಗೆ ಬಿಟ್ಟದ್ದು.

ಸಂಘದವರು ಯಾರಾದರೂ ಇದನ್ನು ಓದುತ್ತಿದ್ದರೆ ಒಂದು ಮಾತು. 2009ರ ಜನವರಿಯಲ್ಲಿ ಮಂಗಳೂರಿನ ಪಬ್ಬಿನಲ್ಲಿ, 2012ರ ಜುಲೈಯಲ್ಲಿ ಅದೇ ಊರಿನ ಹೋಂಸ್ಟೇನಲ್ಲಿ ಹುಡುಗಿಯರ ಮೇಲೆ ಕೈ ಮಾಡಿದವರು ತಾವು ಊರು ಕಾಯುತ್ತಿದ್ದೇವೆ ಅಂತಲೇ ಅಂದುಕೊಂಡಿದ್ದರು. ಗಸ್ತಿಗೆ ಹೆಂಗಸರನ್ನೂ ಸೇರಿಸಿಕೊಳ್ಳಿ. ಸಾಧ್ಯವಿಲ್ಲ ಅಂದರೆ, ಯಾಕೆ ಯಾರೂ ಬರುತ್ತಿಲ್ಲ ಅಂತ ಮನೆಯಲ್ಲೇ ಕೇಳಿ ನೋಡಿ.

ಪ್ರಶ್ನೆ: ನಮ್ಮಲ್ಲಿ ಕೊಯ್ಲಿನ ಹೊತ್ತಿಗೆ ಅಂಗಳದಲ್ಲಿ ಒಣಗಲು ಹಾಕಿದ ಅಡಿಕೆ ರಾತ್ರಿ ಮಾಯವಾಗುತ್ತದೆ. ಊರ ಹುಡುಗರು ಆರು ಜನ ಲಗೇಜ್ ಆಟೋದ ಹಿಂದೆ ನಿಂತು ಸುತ್ತುತ್ತಾರೆ. ಒಬ್ಬರು ಕೋವಿಯನ್ನೂ ತರುತ್ತಾರೆ. ಸರಿಯೇ? (ಕೃಷಿಕರು, ಸಾಗರ ತಾಲ್ಲೂಕು)

ಉತ್ತರ: ಕೋವಿ ಇವತ್ತೇ ಮನೆಗೆ ಹೋಗಲಿ. ಬೆಳೆ ಕಾಯಲು ಕೊಟ್ಟ ಲೈಸೆನ್ಸ್ ಹಂದಿ, ಮಂಗಗಳ ಕಾಟಕ್ಕೆ ಕೊಟ್ಟದ್ದು. ಕತ್ತಲಲ್ಲಿ ಕುಲುಕುವ ಆಟೋದ ಮೇಲೆ ಆರು ಜನರ ನಡುವೆ ತುಂಬಿದ ಕೋವಿ ಅಂದರೆ, ಅದು ಮೊದಲು ನಿಮ್ಮವರಿಗೇ ತಗಲುವುದು.

ಲಗೇಜ್ ಆಟೋದ ಹಿಂದೆ ಜನ ನಿಲ್ಲುವುದೂ ತಪ್ಪೇ. ಸರಕಿನ ಗಾಡಿ ಅದು. ಮಲೆನಾಡಿನ ಇಳಿಜಾರಿನಲ್ಲಿ ನಿಂತವರ ಭಾರವೆಲ್ಲ ಮೇಲಿರುತ್ತದೆ, ಬಿದ್ದರೆ ಪರಿಹಾರಕ್ಕೆ ಕೋರ್ಟು ಅಲೆಯಬೇಕು.

ಹಳ್ಳಿಗಳಿಗೆ ಒಂದು ಒಳ್ಳೆ ದಾರಿ ಇದೆ, ಜನ ಮರೆತಿದ್ದಾರೆ. 1964ರ ಗ್ರಾಮ ರಕ್ಷಣಾ ದಳಗಳ ಕಾಯ್ದೆ. ಊರವರೇ ಸೇರಿ, ಪೊಲೀಸರ ಕೈಕೆಳಗೆ ಊರು ಕಾಯುವುದಕ್ಕೆ ಅಂತಲೇ ಮಾಡಿದ್ದು. ಠಾಣೆಯಲ್ಲಿ ಕೇಳಿ. ಮೊದಲ ಸಲ ಕೇಳಿದಾಗ ಅವರೂ ತಲೆ ಕೆರೆದುಕೊಳ್ಳಬಹುದು, ಇನ್ನೊಂದು ಸಲ ಕೇಳಿ.

ಆದರೆ ಅಡಿಕೆಗೆ ಆಟೋ ಅಷ್ಟು ಉಪಯೋಗವಿಲ್ಲ ಅಂತ ನನ್ನ ಅಭಿಪ್ರಾಯ. ಚಾಲಿ, ಅಂದರೆ ಸಿಪ್ಪೆ ಸಮೇತ ಒಣಗಿಸುವ ಅಡಿಕೆ, ಒಣಗಲು ಒಂದೂವರೆ ತಿಂಗಳು ಅಂಗಳದಲ್ಲೇ ಬಿದ್ದಿರುತ್ತದೆ. ಆಟೋ ಬರುವ ಸದ್ದು ಆ ಗುಡ್ಡದಿಂದ ಈ ಗುಡ್ಡಕ್ಕೆ ಕೇಳುತ್ತದೆ. ಕಳ್ಳ ತೋಟದಲ್ಲಿ ಕೂತು ನೀವು ದಾಟುವವರೆಗೆ ಬೀಡಿ ಸೇದುತ್ತಾನೆ. ಅಂಗಳದಲ್ಲಿ ಒಂದು ದೀಪ, ಒಂದು ನಾಯಿ, ಜಗುಲಿಯಲ್ಲಿ ಮಲಗುವ ಒಬ್ಬ ಮನುಷ್ಯ, ಚೀಲದ ಮೇಲೆ ನಿಮ್ಮದೇ ಗುರುತು. ಆಟೋವನ್ನು ಊರಿನ ಕೂಡುರಸ್ತೆಯಲ್ಲಿ ನಿಲ್ಲಿಸಿ. ಅಡಿಕೆ ಚೀಲ ಹೊತ್ತು ಯಾರೂ ಹತ್ತು ಮೈಲಿ ನಡೆಯುವುದಿಲ್ಲ, ಅದು ಗಾಡಿಯಲ್ಲೇ ಹೋಗಬೇಕು. ಗಾಡಿ ನಂಬರು ಬರೆದುಕೊಂಡರೆ ಸಾಕು.

ಪ್ರಶ್ನೆ: ನಮ್ಮ ಊರಾಗ ಹುಡುಗರು ಟಂಟಂ (ದೊಡ್ಡ ಆಟೋ) ಮ್ಯಾಲೆ ರಾತ್ರಿ ಕಾವಲು ತಿರಗತಾರ. ಗುರುತಿಲ್ಲದ ಮನುಷ್ಯಾ ಸಿಕ್ಕ, ಕೇಳಿದ್ದಕ್ಕ ಸರಿ ಉತ್ತರ ಕೊಡಲಿಲ್ಲ ಅಂದ್ರ ಹಿಡದು ಕಟ್ಟಬಹುದೇನ್ರಿ? (ಶಾಲಾ ಶಿಕ್ಷಕರು, ಬೀದರ್ ಜಿಲ್ಲೆ)

ಉತ್ತರ: ಗುರುಗಳೇ, ಈ ಪ್ರಶ್ನೆ ನಿಮ್ಮ ಜಿಲ್ಲೆಯಿಂದಲೇ ಬಂತಲ್ಲ, ಪತ್ರ ಓದಿ ಸ್ವಲ್ಪ ಹೊತ್ತು ಸುಮ್ಮನೆ ಕೂತೆ.

2018ರ ಜುಲೈ 13. ಔರಾದ್ ತಾಲ್ಲೂಕಿನ ಮುರ್ಕಿ. ಹೈದರಾಬಾದಿನಿಂದ ಗೆಳೆಯರು ಕೆಲವರು ಕಾರಿನಲ್ಲಿ ಬಂದಿದ್ದರು. ದಾರಿಯಲ್ಲಿ ಶಾಲೆ ಮಕ್ಕಳಿಗೆ ಚಾಕೊಲೇಟ್ ಕೊಟ್ಟರು. ಮಕ್ಕಳ ಕಳ್ಳರು ಅಂತ ವಾಟ್ಸಾಪಿನಲ್ಲಿ ಸುದ್ದಿ ಹಾರಿತು. ಅವರ ಕಾರಿಗಿಂತ ಮುಂಚೆ ಸುದ್ದಿ ಮುಂದಿನ ಊರಿಗೆ ಮುಟ್ಟಿತು. ರಸ್ತೆಗೆ ಅಡ್ಡ ಕಟ್ಟಿದರು, ಕಾರು ಪಲ್ಟಿಯಾಯಿತು, ಜನ ಮುಗಿಬಿದ್ದರು. ಒಬ್ಬ ಸಾಫ್ಟ್‌ವೇರ್ ಹುಡುಗ ಸತ್ತ. ಬಿಡಿಸಲು ಹೋದ ಪೊಲೀಸರಿಗೂ ಪೆಟ್ಟು ಬಿತ್ತು. ಅದಕ್ಕೆ ಎರಡು ತಿಂಗಳ ಮುಂಚೆ, ಮೇ ತಿಂಗಳಲ್ಲಿ, ಬೆಂಗಳೂರಿನ ಚಾಮರಾಜಪೇಟೆಯಲ್ಲಿ ಕೆಲಸ ಹುಡುಕಿಕೊಂಡು ಬಂದ ರಾಜಸ್ಥಾನದ ಯುವಕನೊಬ್ಬನನ್ನು ಇದೇ ಅನುಮಾನದಲ್ಲಿ ಕೈಕಾಲು ಕಟ್ಟಿ ಹೊಡೆದು ಕೊಂದರು. ಮುರ್ಕಿಯಾದ ಮುಂದಿನ ವಾರ ವಾಟ್ಸಾಪಿನವರು ಭಾರತದಲ್ಲಿ ಒಂದು ಸಂದೇಶವನ್ನು ಒಮ್ಮೆಗೆ ಐದು ಕಡೆಗಷ್ಟೇ ಕಳಿಸುವ ಮಿತಿ ಹಾಕುವುದಾಗಿ ಹೇಳಿದರು.

ಮೊಬೈಲಿನ ತಪ್ಪು ಅಂದುಬಿಡಬೇಡಿ. ತೊಂಬತ್ತರ ದಶಕದಲ್ಲಿ 'ನಾಳೆ ಬಾ' ಅಂತ ಬಾಗಿಲ ಮೇಲೆ ಬರೆದ ಕಾಲ ನೆನಪಿದೆಯಾ? ರಾತ್ರಿ ದೆವ್ವ ಬಂದು ಹೆಸರು ಹಿಡಿದು ಕರೆಯುತ್ತದೆ ಅಂತ ಸುದ್ದಿ. ಆಗ ಯಾರ ಕೈಯಲ್ಲಿ ಮೊಬೈಲ್ ಇತ್ತು?

ನಾನೂ ಒಂದು ಹೇಳಬೇಕು. ಅದೇ ತೊಂಬತ್ತರ ದಶಕ, ಬೆಂಗಳೂರು. ದರೋಡೆ, ಕೊಲೆ ಮಾಡುತ್ತಿದ್ದ ದಂಡುಪಾಳ್ಯ ಗ್ಯಾಂಗಿನ ಸುದ್ದಿ ಪೇಪರಿನಲ್ಲಿ ಬಂದು ಜನ ಹೆದರಿ ಹೋಗಿದ್ದರು. ನನ್ನ ಬೀಟಿನ ಒಂದು ಬಡಾವಣೆಯವರು ಲಗೇಜ್ ಆಟೋಕ್ಕೆ ಕಬ್ಬಿಣದ ಜಾಲರಿ ಬಿಗಿದು, ಬ್ಯಾಟರಿಗೆ ಟ್ಯೂಬ್‌ಲೈಟ್ ಕಟ್ಟಿ ಗಸ್ತು ಶುರು ಮಾಡಿದ್ದರು. ಒಂದು ರಾತ್ರಿ ಮೂರು ಗಂಟೆಗೆ "ಕಳ್ಳ ಸಿಕ್ಕಿದ್ದಾನೆ" ಅಂತ ಕರೆ ಬಂತು. ನಾನು, ಇನ್ನೊಬ್ಬ ಕಾನ್‌ಸ್ಟೆಬಲ್ ಹೋದೆವು. ಲೈಟು ಕಂಬಕ್ಕೆ ಆಟೋ ಎಳೆಯುವ ಹಗ್ಗದಿಂದ ಹುಡುಗನೊಬ್ಬನನ್ನು ಕಟ್ಟಿದ್ದರು. ಹತ್ತೊಂಬತ್ತು ವರ್ಷ ಇರಬೇಕು. ಹಾಸನದ ಕಡೆಯ ಮಾತು. ಬಾಯಿಂದ ರಕ್ತ. ಹೆದರಿಕೆಗೆ ಅವನ ನಾಲಿಗೆಯೇ ಹೊರಳುತ್ತಿರಲಿಲ್ಲ. ಅದನ್ನೇ 'ಸರಿ ಉತ್ತರ ಕೊಡಲಿಲ್ಲ' ಅಂತ ಎಲ್ಲರೂ ಹೇಳುತ್ತಿದ್ದರು.

ನಾನು ಟಾರ್ಚ್ ಹಾಕಿ ಕೈ ನೋಡಿದೆ. ಉಗುರಿನ ಸಂದಿಯಲ್ಲೆಲ್ಲ ಮೈದಾ ಹಿಟ್ಟು ಒಣಗಿ ಕೂತಿತ್ತು.

ಮುಖ್ಯರಸ್ತೆಯ ಬೇಕರಿ ಹುಡುಗ ಅವನು. ಬೆಳಿಗ್ಗೆ ಆರಕ್ಕೆ ಬ್ರೆಡ್ ಬಿಸಿಯಾಗಿ ಬರಬೇಕಾದರೆ ಮೂರಕ್ಕೆ ಹಿಟ್ಟು ಕಲಸಬೇಕು. ಎರಡು ವರ್ಷದಿಂದ ಅದೇ ಬೀದಿಯಲ್ಲಿ ಅದೇ ಹೊತ್ತಿಗೆ ನಡೆದು ಹೋಗುತ್ತಿದ್ದ. ಕಟ್ಟಿದವರಲ್ಲಿ ಅರ್ಧ ಜನ ಅವನು ಮಾಡಿದ ಬ್ರೆಡ್ಡನ್ನೇ ದಿನಾ ಟೀಗೆ ಅದ್ದಿ ತಿನ್ನುತ್ತಿದ್ದವರು. ಮುಂದಿನ ಒಂದು ಹಲ್ಲು ಮುರಿದಿತ್ತು. ಸಂಘದವರು ದೊಡ್ಡವರು, ಹುಡುಗನಿಗೆ ಹಿಂದೆ ಮುಂದೆ ಯಾರೂ ಇಲ್ಲ. ಠಾಣೆಯಲ್ಲಿ ರಾಜಿ ಆಯಿತು, ಕೈಗೆ ಇನ್ನೂರು ರೂಪಾಯಿ ಇಟ್ಟರು. ಆ ಕಾಗದಕ್ಕೆ ಸಾಕ್ಷಿ ಸಹಿ ನನ್ನದು. ಬೇರೆಯವರಿಗೆ ಬುದ್ಧಿ ಹೇಳುವ ಅಂಕಣ ಬರೆಯುತ್ತೇನಲ್ಲ, ಇದೂ ಗೊತ್ತಿರಲಿ ಅಂತ ಹೇಳಿದೆ.

ಈಗ ಕಾನೂನು. 2024ರ ಜುಲೈ 1ರಿಂದ ಹಳೇ ಸಿಆರ್‌ಪಿಸಿ ಹೋಗಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. ಅದರ 40ನೇ ಕಲಂ ಪ್ರಕಾರ ಸಾಮಾನ್ಯ ಮನುಷ್ಯನೂ ಬಂಧಿಸಬಹುದು. ಯಾವಾಗ? ನಿಮ್ಮ ಕಣ್ಣೆದುರೇ ಜಾಮೀನಿಲ್ಲದ, ಪೊಲೀಸರು ವಾರಂಟ್ ಇಲ್ಲದೆ ಹಿಡಿಯಬಹುದಾದಂಥ ಅಪರಾಧ ನಡೆದಾಗ. ಇಲ್ಲವೇ ಅವನು ಕೋರ್ಟು ಘೋಷಿಸಿದ ಅಪರಾಧಿ ಆಗಿದ್ದಾಗ. ಹಿಡಿದ ಮೇಲೂ ತಡಮಾಡದೆ, ಹೆಚ್ಚೆಂದರೆ ಆರು ಗಂಟೆಯೊಳಗೆ ಪೊಲೀಸರಿಗೆ ಒಪ್ಪಿಸಬೇಕು. ಗುರುತಿಲ್ಲ ಅನ್ನುವುದು ಅಪರಾಧವಲ್ಲ. ಉತ್ತರ ಕೊಡದಿರುವುದೂ ಅಲ್ಲ. ಕಟ್ಟಿ ಹಾಕಿದರೆ ನ್ಯಾಯ ಸಂಹಿತೆಯ 127ನೇ ಕಲಂ ನಿಮ್ಮ ಹುಡುಗರ ಮೇಲೇ ಬೀಳುತ್ತದೆ. ಐದು ಅಥವಾ ಹೆಚ್ಚು ಜನ ಗುಂಪಾಗಿ ಜಾತಿ, ಭಾಷೆ, ಹುಟ್ಟಿದ ಊರು ಇಂಥ ಕಾರಣಕ್ಕೆ ಕೊಂದರೆ ಎಲ್ಲರಿಗೂ ಜೀವಾವಧಿ ಅಥವಾ ಗಲ್ಲು ಅಂತ ನ್ಯಾಯ ಸಂಹಿತೆಯ 103ರಲ್ಲಿ ಬರೆದಿದ್ದಾರೆ.

ನಿಮ್ಮ ಹುಡುಗರಿಗೆ ಇಷ್ಟು ಹೇಳಿಕೊಡಿ. ಟಂಟಂನಿಂದ ಕೆಳಗೆ ಇಳಿಯುವುದು ಬೇಡ. ದೀಪ ಅವನ ಮುಖಕ್ಕಲ್ಲ, ಅವನ ಕಾಲಿನ ಮುಂದೆ ಹಾಕಿ. "ಎಲ್ಲಿಗೆ ಹೋಗಬೇಕ್ರಿ, ದಾರಿ ತಪ್ಪಿತೇನು?" ಅಂತ ಕೇಳಿ. ಹೆಚ್ಚಿನವರು ದಾರಿ ತಪ್ಪಿದವರೇ ಇರುತ್ತಾರೆ, ಇಲ್ಲವೇ ಕುಡಿದವರು. ಅನುಮಾನ ಬಂದರೆ 112, ಆಮೇಲೆ ದೂರದಲ್ಲಿ ನಿಂತು ನೋಡುತ್ತಿರಿ. ಓಡಿದರೆ ಓಡಲಿ. ಯಾವ ಕಡೆ ಓಡಿದ, ಯಾವ ಬಣ್ಣದ ಅಂಗಿ ಅನ್ನುವುದು ನಮಗೆ ಹಿಡಿದುಕೊಟ್ಟ ಹಾಗೇ.

ಪ್ರಶ್ನೆ: ನಾನು ಹಾಸನದವನು. ಫಿಲಿಪ್ಪೀನ್ಸಿನ ದಾವಾವೋದಲ್ಲಿ ಎಂಬಿಬಿಎಸ್ ಓದುತ್ತಿದ್ದೇನೆ. ಇಲ್ಲಿ ಬೀದಿ ಕಾಯುವುದಕ್ಕೆ 'ಬರಾಂಗೈ ತಾನೋಡ್' ಅಂತ ಸ್ಥಳೀಯರೇ ಇರುತ್ತಾರೆ. ಬೈಕಿಗೆ ಪಕ್ಕದಲ್ಲಿ ಡಬ್ಬಿ ಜೋಡಿಸಿದ ಟ್ರೈಸಿಕಲ್ಲು, ಮಲ್ಟಿಕ್ಯಾಬು ಅನ್ನುವ ಸಣ್ಣ ವ್ಯಾನು ಇವುಗಳಲ್ಲಿ ರಾತ್ರಿ ಸುತ್ತುತ್ತಾರೆ. ಕೈಯಲ್ಲಿ ಕೋಲು, ಟಾರ್ಚು ಅಷ್ಟೆ. ನಮ್ಮಲ್ಲಿ ಹೀಗೆ ಯಾಕಿಲ್ಲ ಸರ್?

ಉತ್ತರ: ತಮ್ಮಾ, ನಿನ್ನ ಪತ್ರದಿಂದ ನಾನೂ ಒಂದಿಷ್ಟು ಕಲಿತೆ. ಬರಾಂಗೈ ಅಂದರೆ ಅಲ್ಲಿಯ ಅತಿ ಸಣ್ಣ ಆಡಳಿತ, ನಮ್ಮ ಪಂಚಾಯಿತಿ, ವಾರ್ಡು ಇದ್ದ ಹಾಗೆ. ಅಂಥವು ಆ ದೇಶದಲ್ಲಿ ನಲವತ್ತೆರಡು ಸಾವಿರಕ್ಕೂ ಹೆಚ್ಚು. ಚುನಾಯಿತ ಮುಖ್ಯಸ್ಥನೊಬ್ಬ ಇರುತ್ತಾನೆ, ಕಾವಲಿನವರು ಅವನ ಕೈಕೆಳಗೆ. ಸ್ವಲ್ಪ ಗೌರವಧನವೂ ಉಂಟು. ನನಗೆ ಇಷ್ಟವಾದದ್ದು ಇದೇ. ಕಾವಲಿನವನು ತಪ್ಪು ಮಾಡಿದರೆ ಯಾರ ಮನೆ ಬಾಗಿಲು ತಟ್ಟಬೇಕು ಅಂತ ಬೀದಿಗೆಲ್ಲ ಗೊತ್ತಿರುತ್ತದೆ. ನಮ್ಮ ಬಡಾವಣೆ ಸಂಘಗಳಲ್ಲಿ ಅದೇ ಇಲ್ಲದಿರುವುದು.

ಆದರೆ ನೀನಿರುವ ಊರಿನಲ್ಲೇ ಬಹಳ ವರ್ಷ ಮೇಯರ್ ಆಗಿದ್ದ ಡುಟರ್ಟೆ 2016ರಲ್ಲಿ ಅಧ್ಯಕ್ಷರಾದ ಮೇಲೆ ಏನಾಯಿತು ಅಂತ ಅಲ್ಲಿಯವರನ್ನು ಮೆಲ್ಲಗೆ ಕೇಳಿ ನೋಡು. ಮಾದಕ ವಸ್ತುವಿನ ಮೇಲೆ ಯುದ್ಧ ಅಂದರು. ಬೀದಿಯಲ್ಲಿ ಯಾರ ಮೇಲೆ ಅನುಮಾನ ಅಂತ ಪಟ್ಟಿ ಹೋದದ್ದು ಎಷ್ಟೋ ಕಡೆ ಬರಾಂಗೈಗಳಿಂದಲೇ. ಸರ್ಕಾರದ ಲೆಕ್ಕದಲ್ಲೇ ಪೊಲೀಸ್ ಕಾರ್ಯಾಚರಣೆಗಳಲ್ಲಿ ಸತ್ತವರು ಆರು ಸಾವಿರಕ್ಕೂ ಹೆಚ್ಚು. ಅದಕ್ಕೇ ಮೇಲಿನ ದಾವಣಗೆರೆಯವರಿಗೆ ನೋಟ್‌ಬುಕ್ ಇಟ್ಟುಕೊಳ್ಳಿ ಅಂದೆನಲ್ಲ, ಅದಕ್ಕೊಂದು ಮಾತು ಸೇರಿಸುತ್ತೇನೆ. ಗಾಡಿ ನಂಬರು ಬರೆಯಿರಿ, ಕೆಟ್ಟ ಬೀದಿದೀಪ ಬರೆಯಿರಿ, ತೆರೆದ ಗೇಟು ಬರೆಯಿರಿ. 'ಇಂಥವನ ಮೇಲೆ ಅನುಮಾನ' ಅಂತ ಮನುಷ್ಯರ ಪಟ್ಟಿ ಬರೆಯಬೇಡಿ.

ಚೆನ್ನಾಗಿ ಓದು. ಊಟ ಹೇಗಿದೆ ಅಲ್ಲಿ?

ಪ್ರಶ್ನೆ: ಗಸ್ತಿಗೆ ಎಲೆಕ್ಟ್ರಿಕ್ ಆಟೋ ಒಳ್ಳೆಯದೋ, ಮಾಮೂಲಿ ಆಟೋನೋ? (ಮೈಸೂರು)

ಉತ್ತರ: ಎಲೆಕ್ಟ್ರಿಕ್. ಮಲಗಿದವರಿಗೆ ತೊಂದರೆ ಇಲ್ಲ, ನಿಧಾನಕ್ಕೆ ಹೋದರೂ ಇಂಜಿನ್ ಗೊಣಗುವುದಿಲ್ಲ. ಇ-ರಿಕ್ಷಾ ಆದರೆ ಗಂಟೆಗೆ 25 ಕಿಲೋಮೀಟರ್ ಮೇಲೆ ಹೋಗುವಂತಿಲ್ಲ ಅಂತ ನಿಯಮವೇ ಇದೆ, ಗಸ್ತಿಗೆ ಅದು ವರ. ಆದರೆ ಬಾಮೈದ ಹೇಳುತ್ತಾನೆ, ಎರಡು ಬೀದಿಗೆ ಸೈಕಲ್ ಸಾಕು ಅಂತ. ನನ್ನ ಮೊದಲ ಐದು ವರ್ಷ ಸೈಕಲ್ ಮೇಲೇ ಕಳೆದದ್ದು. ಮಾತಾಡುವುದಕ್ಕೆ ನಿಲ್ಲುವುದು ಸುಲಭ.

ಪ್ರಶ್ನೆ: ನಾನು ಆಟೋ ಡ್ರೈವರ್. ರಾತ್ರಿ ಹತ್ತರಿಂದ ಬೆಳಿಗ್ಗೆ ಆರರವರೆಗೆ ಓಡಿಸ್ತೀನಿ. ಯಾವ ಬೀದಿಯಲ್ಲಿ ಏನು ನಡೆಯುತ್ತೆ ಅಂತ ನಮಗೆ ಗೊತ್ತಿರೋದು ಯಾರಿಗೂ ಗೊತ್ತಿಲ್ಲ. ಆದರೆ ಹೇಳೋಕೆ ಹೋದರೆ ಠಾಣೆಯಲ್ಲಿ ಕೂರಿಸ್ತಾರೆ, ಅವತ್ತಿನ ದುಡಿಮೆ ಹೋಗುತ್ತೆ. ನಾವ್ಯಾಕೆ ಹೇಳಬೇಕು? (ಬೆಂಗಳೂರು)

ಉತ್ತರ: ಅಣ್ಣಾ, ನಿಮ್ಮ ಪತ್ರವನ್ನು ಮೊದಲಿಗೆ ಹಾಕಬೇಕಿತ್ತು. ಹೊಸ ಬಣ್ಣ ಬಳಿದು, ಬೆಂಚು ಹಾಕಿ ಗಸ್ತು ಆಟೋ ಮಾಡಬೇಕು ಅಂತ ಎಲ್ಲರೂ ಒದ್ದಾಡುತ್ತಿದ್ದಾರೆ. ಇಡೀ ರಾತ್ರಿ ಗಸ್ತು ತಿರುಗುವ ಸಾವಿರಾರು ಆಟೋ ಆಗಲೇ ರಸ್ತೆ ಮೇಲಿವೆ.

ನೀವು ಹೇಳುವ ತೊಂದರೆ ನಿಜ. ನಾವೂ ಹಾಗೆ ಕೂರಿಸಿದ್ದೇವೆ. ಅಪಘಾತದವರನ್ನು ಆಸ್ಪತ್ರೆಗೆ ಸೇರಿಸಿದವರಿಗಂತೂ ಈಗ ರಕ್ಷಣೆ ಇದೆ. 2016ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು, 2019ರಲ್ಲಿ ಮೋಟಾರು ವಾಹನ ಕಾಯ್ದೆಗೇ 134-ಎ ಅಂತ ಸೇರಿಸಿದರು. ಹೆಸರು ಹೇಳು, ಸಾಕ್ಷಿಗೆ ಬಾ ಅಂತ ಬಲವಂತ ಮಾಡುವಂತಿಲ್ಲ. ಕಳ್ಳತನದ ಸುಳಿವು ಕೊಟ್ಟವರಿಗೆ ಅಷ್ಟು ಗಟ್ಟಿ ಕಾನೂನಿಲ್ಲ. ಅದಕ್ಕೆ ಠಾಣೆಗೆ ಹೋಗಬೇಡಿ, 112ಕ್ಕೆ ಫೋನ್ ಮಾಡಿ. ಜಾಗ ಹೇಳಿ, ಕಂಡದ್ದು ಹೇಳಿ, ಮುಂದೆ ಹೋಗಿ.

ಬಡಾವಣೆ ಸಂಘದವರಿಗೆ ನನ್ನ ಸಲಹೆ ಬಹಳ ಸಣ್ಣದು. ಎರಡನೇ ಕೈ ಆಟೋಕ್ಕೆ ಹಾಕುವ ದುಡ್ಡಿನಲ್ಲಿ ಹತ್ತಿರದ ಆಟೋ ಸ್ಟ್ಯಾಂಡಿಗೆ ಒಂದು ಸೂರು, ಒಂದು ದೀಪ, ಕುಡಿಯುವ ನೀರು ಮಾಡಿಸಿ. ರಾತ್ರಿ ನಾಲ್ಕು ಜನ ಡ್ರೈವರುಗಳು ಅಲ್ಲೇ ನಿಲ್ಲುವ ಹಾಗಾಗಲಿ. ತೊಂಬತ್ತೆಂಟರಲ್ಲೋ ತೊಂಬತ್ತೊಂಬತ್ತರಲ್ಲೋ, ನನ್ನ ಬೀಟಿನಲ್ಲಿ ಒಂದೇ ಗ್ಯಾಂಗು ಏಳು ಮನೆಗೆ ಕನ್ನ ಹಾಕಿತ್ತು. ಅದು ಸಿಕ್ಕಿದ್ದು ಒಬ್ಬ ಆಟೋದವನಿಂದ. ಬಾಡಿಗೆಗೆ ಹತ್ತಿದ ಮೂವರು ಒಂದು ಚೀಲವನ್ನು ಕಾಲಿನ ಹತ್ತಿರ ಇಡದೆ ತೊಡೆ ಮೇಲೆ ಇಟ್ಟುಕೊಂಡಿದ್ದರು, ಹಳ್ಳ ಬಂದಾಗೆಲ್ಲ ಅದನ್ನು ಎರಡೂ ಕೈಯಲ್ಲಿ ಒತ್ತಿ ಹಿಡಿಯುತ್ತಿದ್ದರು, ಸದ್ದಾಗಬಾರದು ಅಂತ. ಅಷ್ಟೇ ಅವನು ಕಂಡದ್ದು. ಇಳಿಸಿದ ಮನೆ ನಂಬರನ್ನು ಮೀಟರ್ ಕಾರ್ಡಿನ ಹಿಂದೆ ಬರೆದುಕೊಂಡಿದ್ದ.

ಅವನು ಯಾರು ಅಂತ ನಾನು ಇವತ್ತಿನವರೆಗೂ ಠಾಣೆಯಲ್ಲಿ ಹೇಳಿಲ್ಲ. ಈಗ ಪಕ್ಕದಲ್ಲಿ ಕೂತು, ಬೆಂಚಿನ ಬಗ್ಗೆ ಇನ್ನೂ ನಾಲ್ಕು ಸಾಲು ಬರೆ ಭಾವ ಅನ್ನುತ್ತಿದ್ದಾನೆ.